ಕ್ನುಟ್ ಹಾಮ್ಸುನ್: ಎರಡಾಗಿ ಸೀಳಲಾಗದ ಬದುಕು

ನಾರ್ವೆಯ ಕಾದಂಬರಿಕಾರ ಕ್ನುಟ್ ಹಾಮ್ಸುನ್ (1859–1952) ಯುರೋಪಿನ ಆಧುನಿಕ ಗದ್ಯಕ್ಕೆ ಹೊಸ ತಿರುವು ಕೊಟ್ಟವರಲ್ಲಿ ಒಬ್ಬನೆಂಬ ಬಗ್ಗೆ ವಿಮರ್ಶಕರಲ್ಲಿ ಹೆಚ್ಚಿನ ಭಿನ್ನಾಭಿಪ್ರಾಯವಿಲ್ಲ. ಎರಡನೆಯ ಮಹಾಯುದ್ಧದ ಕಾಲದಲ್ಲಿ ತನ್ನ ದೇಶವನ್ನು ಆಕ್ರಮಿಸಿದ ನಾಜಿ ಜರ್ಮನಿಯ ಪರವಾಗಿ ಅವನು ಬಹಿರಂಗವಾಗಿ ನಿಂತನೆಂಬುದೂ ದಾಖಲೆಗಳಿಂದ ಸಿದ್ಧವಾದ ಸಂಗತಿ. ವಿವಾದವಿರುವುದು ಇವೆರಡರ ನಡುವಣ ಸಂಬಂಧವನ್ನು ಕುರಿತು. ಪ್ರತಿಭಾವಂತನಾದ ತರುಣನೊಬ್ಬ, ವೃದ್ಧಾಪ್ಯದಲ್ಲಿ ಬುದ್ಧಿ ಮಂಕಾದ ಮುದುಕನೊಬ್ಬ ಎಂದು ಈ ಬದುಕನ್ನು ಎರಡಾಗಿ ಸೀಳಿ, ಮೊದಲನೆಯವನನ್ನು ಉಳಿಸಿಕೊಂಡು ಎರಡನೆಯವನನ್ನು ಮರೆಯುವ ಪ್ರಯತ್ನವು ಯುದ್ಧಾನಂತರ ದೀರ್ಘಕಾಲ ನಡೆಯಿತು. ಹಾಗೆ ಸೀಳಲು ವೈದ್ಯಕೀಯ ಆಧಾರವೂ ಒದಗಿತ್ತು. ಆ ಆಧಾರವನ್ನು ಕಿತ್ತುಹಾಕಿದವನು ಮಾತ್ರ ಸ್ವತಃ ಹಾಮ್ಸುನ್. ಈ ವಿಲಕ್ಷಣ ಸಂಗತಿಯನ್ನು ಮನಗಾಣಬೇಕಾದರೆ ಅವನ ಜೀವನವನ್ನು ಮೊದಲಿನಿಂದಲೂ ನೋಡಬೇಕಾಗುತ್ತದೆ.

ಅವನ ಹುಟ್ಟುಹೆಸರು ಕ್ನುಡ್ ಪೆಡರ್ಸನ್. 1859ರ ಆಗಸ್ಟ್ 4ರಂದು ಗುಡ್‌ಬ್ರಾಂಡ್ಸ್‌ಡಾಲ್ ಕಣಿವೆಯ ಲೋಮ್ ಎಂಬಲ್ಲಿ ಜನಿಸಿದನು. ತಂದೆ ದರ್ಜಿ, ಏಳು ಮಕ್ಕಳ ಬಡಕುಟುಂಬ. ಮಗನಿಗೆ ಮೂರು ವರ್ಷ ತುಂಬುವ ಸುಮಾರಿಗೆ ಕುಟುಂಬವು ಉತ್ತರ ಧ್ರುವವೃತ್ತದಾಚೆಗಿನ ಹಾಮರೋಯ್ ಪ್ರದೇಶಕ್ಕೆ ವಲಸೆ ಹೋಗಿ ಹಾಮ್ಸುಂಡ್ ಎಂಬ ಜಮೀನಿನಲ್ಲಿ ನೆಲೆಸಿತು. ಒಂಬತ್ತರ ವಯಸ್ಸಿನಲ್ಲಿ ಹುಡುಗನನ್ನು ಸೋದರಮಾವ ಹಾನ್ಸ್ ಓಲ್ಸನ್ನನ ಮನೆಗೆ ಕಳುಹಿಸಲಾಯಿತು. ಕುಟುಂಬವು ಆತನಿಗೆ ಋಣಿಯಾಗಿದ್ದುದೇ ಇದಕ್ಕೆ ಕಾರಣ. ಕಠೋರ ಧಾರ್ಮಿಕನಾಗಿದ್ದ ಆ ಮಾವನ ಕೈಕೆಳಗೆ ಹುಡುಗನು ಹೊಡೆತವನ್ನೂ ಹಸಿವನ್ನೂ ಉಂಡು ಬೆಳೆದನು. ತನ್ನ ನರದೌರ್ಬಲ್ಯದ ಮೂಲ ಅಲ್ಲಿದೆಯೆಂದು ಅವನು ಮುಂದೆ ನಂಬಿದ್ದನು. ಅಲ್ಲಿಂದ ಬಿಡಿಸಿಕೊಂಡ ಮೇಲೆ ಅಂಗಡಿಯ ಗುಮಾಸ್ತ, ತಿರುಗುವ ವ್ಯಾಪಾರಿ, ಚಮ್ಮಾರನ ಬಳಿ ಕಲಿಯುವ ಹುಡುಗ, ಶಾಲಾ ಉಪಾಧ್ಯಾಯ, ರಸ್ತೆ ಕೆಲಸದ ಕೂಲಿ ಹೀಗೆ ಹಲವು ವೃತ್ತಿಗಳನ್ನು ಹಿಡಿದು ಬಿಟ್ಟನು. ಕ್ರಮಬದ್ಧ ಶಿಕ್ಷಣವೆಂಬುದು ಅವನಿಗೆ ದೊರೆಯಲೇ ಇಲ್ಲ. 1877ರಲ್ಲಿಯೇ ಒಂದು ಸಣ್ಣ ಪುಸ್ತಕವನ್ನು ಅಚ್ಚು ಹಾಕಿಸಿದ್ದರೂ ಸಾಹಿತ್ಯಲೋಕವು ಅವನನ್ನು ಗುರುತಿಸಲು ಇನ್ನೂ ಹದಿಮೂರು ವರ್ಷ ಬೇಕಾದವು. ಹಾಮ್ಸುನ್ ಎಂಬ ಹೆಸರು ನೆಲೆಗೊಂಡ ಬಗೆಯೂ ಸ್ವಾರಸ್ಯಕರವಾಗಿದೆ: 1885ರಲ್ಲಿ ಮಾರ್ಕ್ ಟ್ವೇನ್ ಕುರಿತ ಅವನ ಲೇಖನವೊಂದು ಅಚ್ಚಾದಾಗ ಹಾಮ್ಸುಂಡ್ ಎಂಬುದರ ಕೊನೆಯ ಅಕ್ಷರವು ಬಿಟ್ಟುಹೋಯಿತೆಂದೂ ಅದನ್ನು ಅವನು ತಿದ್ದಲಿಲ್ಲವೆಂದೂ ಹೇಳಲಾಗಿದೆ.

1882ರಿಂದ 1888ರ ಅವಧಿಯಲ್ಲಿ ಅವನು ಎರಡು ಬಾರಿ ಅಮೆರಿಕಕ್ಕೆ ಹೋದನು. ಮೊದಲ ಬಾರಿ ಕ್ಷಯವೆಂದು ಹೇಳಿಸಿಕೊಂಡು, ಸಾವಿಗೆ ಸಿದ್ಧನಾಗಿ ತಾಯ್ನಾಡಿಗೆ ಮರಳಿದನು, ಆದರೆ ಸಾಯಲಿಲ್ಲ. ಎರಡನೆಯ ಬಾರಿ ಷಿಕಾಗೋ ನಗರದಲ್ಲಿ ಟ್ರಾಮ್ ಕಂಡಕ್ಟರನಾಗಿ, ಡಕೋಟದ ಗೋಧಿ ಹೊಲಗಳಲ್ಲಿ ಕೂಲಿಯಾಗಿ ದುಡಿದನು. ಈ ಅನುಭವದಿಂದ ಹುಟ್ಟಿದ್ದು ಆಧುನಿಕ ಅಮೆರಿಕದ ಬೌದ್ಧಿಕ ಜೀವನವನ್ನು ಕುರಿತ 1889ರ ಪುಸ್ತಕ. ಪ್ರಜಾಪ್ರಭುತ್ವ, ಯಂತ್ರನಾಗರಿಕತೆ, ಹಣದ ಮೋಹ ಇವುಗಳ ಮೇಲಿನ ಅದರ ವ್ಯಂಗ್ಯವು ಅಂದಿನ ಓದುಗರನ್ನು ರಂಜಿಸಿತು. ಅದೇ ಪುಸ್ತಕದಲ್ಲಿ ಕರಿಯ ಜನಾಂಗವನ್ನು ಕುರಿತು ಅವನು ತಳೆದ ತಿರಸ್ಕಾರವನ್ನು ಬಹುಕಾಲದವರೆಗೆ ಯಾರೂ ಗಂಭೀರವಾಗಿ ಪರಿಗಣಿಸಲಿಲ್ಲ. ಆಗ ಅವನ ವಯಸ್ಸು ಮೂವತ್ತು. ಮುಪ್ಪಿನ ಮರೆವಿಗೆ ಇಲ್ಲಿ ಎಡೆಯಿಲ್ಲ.

ಮರುವರ್ಷ, 1890ರಲ್ಲಿ, 'ಹಸಿವು' ಪ್ರಕಟವಾಯಿತು. ಹೆಸರಿಲ್ಲದ ತರುಣ ಲೇಖಕನೊಬ್ಬ ಕ್ರಿಸ್ತಿಯಾನಿಯಾ ನಗರದ (ಇಂದಿನ ಓಸ್ಲೋ) ಬೀದಿಗಳಲ್ಲಿ ಅನ್ನವಿಲ್ಲದೆ ಅಲೆಯುತ್ತಾನೆ, ಬರೆಯುತ್ತಾನೆ, ಅಡವಿಡುತ್ತಾನೆ, ಸುಳ್ಳು ಹೇಳುತ್ತಾನೆ, ದಾನ ಪಡೆಯಲು ಒಲ್ಲದೆ ಇರುವುದನ್ನೂ ಕೊಟ್ಟುಬಿಡುತ್ತಾನೆ. ಕಥೆಯೆಂದರೆ ಇಷ್ಟೆ. ಇಲ್ಲಿ ಹಸಿವು ಸಾಮಾಜಿಕ ಸಮಸ್ಯೆಯಾಗಿ ಬರುವುದಿಲ್ಲ. ಖಾಲಿ ಹೊಟ್ಟೆಯು ಮನಸ್ಸಿನ ಮೇಲೆ ಏನು ಮಾಡುತ್ತದೆ, ಅಹಂಕಾರ ಮತ್ತು ಅವಮಾನ ಕ್ಷಣಕ್ಷಣಕ್ಕೂ ಹೇಗೆ ಸ್ಥಾನಪಲ್ಲಟಗೊಳ್ಳುತ್ತವೆ, ಅರ್ಥವಿಲ್ಲದ ಪದವೊಂದು ತಲೆಯೊಳಗೆ ಹೊಕ್ಕು ಹೇಗೆ ಪೀಡಿಸುತ್ತದೆ ಎಂಬುದೇ ಅದರ ವಸ್ತು. ಅದೇ ವರ್ಷ ಬರೆದ ಪ್ರಬಂಧವೊಂದರಲ್ಲಿ ಅವನು ಈ ಬಗೆಯ ಸಾಹಿತ್ಯಕ್ಕೆ ಸೈದ್ಧಾಂತಿಕ ತಳಹದಿಯನ್ನೂ ಒದಗಿಸಿದನು: ಸುಪ್ತಚಿತ್ತದ ಸೂಕ್ಷ್ಮ ಚಲನೆಗಳನ್ನು ಹಿಡಿಯದ ಕಾದಂಬರಿಯು ಮನುಷ್ಯನನ್ನು ಹಿಡಿಯಲಾರದು ಎಂಬುದು ಅದರ ತಿರುಳು. ಫ್ರಾಯ್ಡನ ಮುಖ್ಯ ಗ್ರಂಥಗಳು ಇನ್ನೂ ಬಂದಿರಲಿಲ್ಲವೆಂಬುದನ್ನು ಗಮನಿಸಬೇಕು.

1891ರಲ್ಲಿ ನಾರ್ವೆಯ ಊರೂರು ತಿರುಗಿ ಉಪನ್ಯಾಸಗಳನ್ನು ಕೊಟ್ಟು, ಇಬ್ಸನ್ ಮೊದಲಾದ ಹಿರಿಯರು ಮಾದರಿ ಪಾತ್ರಗಳನ್ನೂ ಸಮಸ್ಯೆಗಳನ್ನೂ ಬರೆದರೇ ಹೊರತು ಆತ್ಮವನ್ನು ಬರೆಯಲಿಲ್ಲವೆಂದು ಹಾಮ್ಸುನ್ ಆಕ್ಷೇಪಿಸಿದನು. ಕ್ರಿಸ್ತಿಯಾನಿಯಾದ ಉಪನ್ಯಾಸಕ್ಕೆ ಇಬ್ಸನ್ನನೇ ಬಂದು ಮುಂದಿನ ಸಾಲಿನಲ್ಲಿ ಕುಳಿತು ಅದನ್ನು ಕೇಳಿದನು. ತರುಣನ ದಾರ್ಷ್ಟ್ಯಕ್ಕೂ ಹಿರಿಯನ ಸೈರಣೆಗೂ ಇದಕ್ಕಿಂತ ಬೇರೆ ನಿದರ್ಶನ ಬೇಕಿಲ್ಲ. 'ನಿಗೂಢಗಳು' (1892), 'ಪಾನ್' (1894), 'ವಿಕ್ಟೋರಿಯ' (1898) ಕಾದಂಬರಿಗಳು ಒಂದರ ಹಿಂದೊಂದು ಬಂದವು. ಅಷ್ಟರಲ್ಲಿ ಅವನ ಕೀರ್ತಿ ಜರ್ಮನಿಯಲ್ಲಿಯೂ ರಷ್ಯದಲ್ಲಿಯೂ ಹಬ್ಬಿತ್ತು. ಜರ್ಮನಿಯು ತನ್ನನ್ನು ತಾಯ್ನಾಡಿಗಿಂತ ಮೊದಲು ಅರಿತುಕೊಂಡಿತೆಂಬ ಭಾವನೆ ಅವನಲ್ಲಿ ಬೇರೂರಿತು. ಇಂಗ್ಲೆಂಡಿನ ಮೇಲಿನ ಅವನ ದ್ವೇಷವೂ ಕ್ರಮೇಣ ಇದರ ಜೊತೆಗೂಡಿತು. ಮೊದಲ ಮಹಾಯುದ್ಧದಲ್ಲಿ ನಾರ್ವೆಯು ತಟಸ್ಥವಾಗಿದ್ದಾಗ ಅವನು ಪತ್ರಿಕೆಗಳಲ್ಲಿ ಜರ್ಮನಿಯ ಪರವಾಗಿ ವಾದಿಸಿದನು. 1940ರ ನಿಲುವು ಆಕಸ್ಮಿಕವೆನ್ನುವವರು 1914ರ ಈ ಬರಹಗಳನ್ನು ಬದಿಗೆ ಸರಿಸಬೇಕಾಗುತ್ತದೆ.

ಅವನ ಖಾಸಗಿ ಜೀವನದ ವಿವರಗಳು ಇಲ್ಲಿ ಹೆಚ್ಚು ಬೇಕಿಲ್ಲ. 1898ರಲ್ಲಿ ಆದ ಮೊದಲ ವಿವಾಹವು 1906ರಲ್ಲಿ ಮುರಿಯಿತು. 1909ರಲ್ಲಿ ತನಗಿಂತ ಇಪ್ಪತ್ತೆರಡು ವರ್ಷ ಕಿರಿಯಳಾದ ನಟಿ ಮಾರಿ ಆಂಡರ್ಸನ್ನಳನ್ನು ಮದುವೆಯಾಗಿ, ಅವಳಿಂದ ರಂಗಭೂಮಿಯನ್ನು ಬಿಡಿಸಿ, ಬೇಸಾಯಕ್ಕೆ ಇಳಿದನು. 1918ರಲ್ಲಿ ದಕ್ಷಿಣ ನಾರ್ವೆಯ ಗ್ರಿಮ್‌ಸ್ಟಾಡ್ ಬಳಿಯ ನೋರ್‌ಹೋಮ್ ಜಮೀನನ್ನು ಕೊಂಡು ಕಡೆಯವರೆಗೂ ಅಲ್ಲಿಯೇ ನೆಲೆಸಿದನು.

1915ರ ಪ್ರಸಂಗವೊಂದು ಮಾತ್ರ ಜೀವನಚರಿತ್ರೆಗೂ ಕೃತಿವಿಮರ್ಶೆಗೂ ಸಮಾನವಾಗಿ ಮುಖ್ಯವಾದುದು. ಆ ವರ್ಷದ ಜನವರಿಯಲ್ಲಿ, ಹೆತ್ತ ಶಿಶುವನ್ನು ಕೊಂದ ಬಡ ತರುಣಿಯರಿಗೆ ನ್ಯಾಯಾಲಯಗಳು ಅಲ್ಪ ಶಿಕ್ಷೆ ವಿಧಿಸುತ್ತಿವೆಯೆಂದು ಕೆರಳಿದ ಹಾಮ್ಸುನ್, ಅಂಥವರನ್ನು ಗಲ್ಲಿಗೇರಿಸಬೇಕೆಂದು ಪತ್ರಿಕೆಯಲ್ಲಿ ಬರೆದನು. ಕರುಣೆಯ ಲವಲೇಶವೂ ಆ ಬರಹದಲ್ಲಿಲ್ಲ. ಎರಡು ವರ್ಷಗಳ ಅನಂತರ, 1917ರಲ್ಲಿ, 'ನೆಲದ ಬೆಳೆ' ಕಾದಂಬರಿ ಬಂದಿತು. ಕಾಡು ಕಡಿದು ಹೊಲ ಮಾಡುವ ಈಸಾಕ್, ಅವನ ಹೆಂಡತಿ ಇಂಗೆರ್ ಇದರ ಮುಖ್ಯ ಪಾತ್ರಗಳು. ಸೀಳುತುಟಿಯ ಇಂಗೆರ್ ಜೀವಮಾನವಿಡೀ ಹಾಸ್ಯಕ್ಕೆ ಗುರಿಯಾದವಳು. ತನ್ನಂತೆಯೇ ಸೀಳುತುಟಿಯಿಂದ ಹುಟ್ಟಿದ ಹೆಣ್ಣುಮಗುವನ್ನು ಆ ಬಾಳಿನಿಂದ ಪಾರುಮಾಡಲು ಕೊಂದು ಹೂಳುತ್ತಾಳೆ. ಕಾದಂಬರಿಯು ಅವಳನ್ನು ಗಲ್ಲಿಗೆ ಕಳುಹಿಸುವುದಿಲ್ಲ. ಅವಳು ಸೆರೆಮನೆಗೆ ಹೋಗುತ್ತಾಳೆ. ತುಟಿಯ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡು, ಹೊಲಿಗೆ ಕಲಿತು ಮರಳುತ್ತಾಳೆ. ಮತ್ತೆ ಗಂಡನ ಮನೆಯ ಒಡತಿಯಾಗುತ್ತಾಳೆ. ಪತ್ರಿಕೆಗೆ ಬರೆದ ಹಾಮ್ಸುನ್ ಒಬ್ಬ, ಕಾದಂಬರಿ ಬರೆದ ಹಾಮ್ಸುನ್ ಇನ್ನೊಬ್ಬ ಎಂದು ಇಲ್ಲಿ ತೀರ್ಮಾನಿಸಿಬಿಡುವ ಮೋಹ ಸಹಜವಾದುದು. ಆದರೆ ಅದೇ ಕಾದಂಬರಿಯಲ್ಲಿ ಬಾರ್ಬ್ರೋ ಎಂಬ ಎರಡನೆಯ ಶಿಶುಹಂತಕಿಯೂ ಇದ್ದಾಳೆ. ಪೇಟೆಯ ಸುಧಾರಣಾವಾದಿ ಮಹಿಳೆಯೊಬ್ಬಳ ನೆರವಿನಿಂದ ಅವಳು ನಿರ್ದೋಷಿಯಾಗಿ ಹೊರಬರುವ ನ್ಯಾಯಾಲಯದ ದೃಶ್ಯವನ್ನು ತೀಕ್ಷ್ಣ ವ್ಯಂಗ್ಯದಿಂದ ಚಿತ್ರಿಸಲಾಗಿದೆ. ಲೇಖನದ ಕೋಪವು ಕಾದಂಬರಿಯೊಳಗೂ ಇದೆ. ಅದರ ಪಕ್ಕದಲ್ಲಿ ಲೇಖನದಲ್ಲಿಲ್ಲದ ಕರುಣೆಯೂ ಇದೆ. ಎರಡೂ ಒಂದೇ ಕೈಯ ಬರಹ.

ಮುಖ್ಯವಾಗಿ ಈ ಕಾದಂಬರಿಗಾಗಿ 1920ರ ನೊಬೆಲ್ ಪ್ರಶಸ್ತಿಯು ಹಾಮ್ಸುನ್‌ಗೆ ಸಂದಿತು. 1929ರಲ್ಲಿ ಅವನಿಗೆ ಎಪ್ಪತ್ತು ತುಂಬಿದಾಗ ಥಾಮಸ್ ಮನ್, ಗಾರ್ಕಿ ಮೊದಲಾದವರು ಗೌರವ ಸಲ್ಲಿಸಿದರು. ಬರವಣಿಗೆ ಕುಂಠಿತವಾದಾಗ 1926ರಲ್ಲಿ ಅವನು ಓಸ್ಲೋದಲ್ಲಿ ಮನೋವಿಶ್ಲೇಷಣೆಗೆ ಒಳಗಾದನು. ಮರುವರ್ಷವೇ 'ಅಲೆಮಾರಿಗಳು' ಬಂದಿತು. ಕೊನೆಯ ಕಾದಂಬರಿ 1936ರದು.

ಅದಕ್ಕೆ ಹಿಂದಿನ ವರ್ಷ, 1935ರ ನವೆಂಬರ್‌ನಲ್ಲಿ, ಹಾಮ್ಸುನ್ ಮಾಡಿದ ಕೆಲಸವನ್ನು ಅವನ ಅಭಿಮಾನಿಗಳಾರೂ ಸಮರ್ಥಿಸಲಾರರು. ಜರ್ಮನ್ ಶಾಂತಿವಾದಿ ಪತ್ರಕರ್ತ ಕಾರ್ಲ್ ಫಾನ್ ಒಸ್ಸಿಯೆಟ್ಸ್ಕಿ ಆಗ ನಾಜಿ ಯಾತನಾಶಿಬಿರದಲ್ಲಿದ್ದನು. ಅವನಿಗೆ ನೊಬೆಲ್ ಶಾಂತಿ ಪ್ರಶಸ್ತಿ ದೊರೆಯಬೇಕೆಂಬ ಚಳವಳಿ ನಡೆಯುತ್ತಿತ್ತು. ಬಾಯಿ ಬಿಡಲಾಗದ ಆ ಸೆರೆಯಾಳನ್ನು ಹಾಮ್ಸುನ್ ಓಸ್ಲೋದ ಪತ್ರಿಕೆಗಳಲ್ಲಿ ಹೀಯಾಳಿಸಿದನು. ಹುತಾತ್ಮನಾಗುವ ಬಯಕೆಯಿಂದಲೇ ಅವನು ದೇಶ ಬಿಟ್ಟು ಓಡಲಿಲ್ಲವೆಂಬ ಧ್ವನಿಯಲ್ಲಿ ಬರೆದನು. ನಾರ್ವೆಯ ಸಹಲೇಖಕರು ಸಾಮೂಹಿಕವಾಗಿ ಪ್ರತಿಭಟಿಸಿದರು. ಆ ಸಾಲಿನ ಶಾಂತಿ ಪ್ರಶಸ್ತಿಯು ಒಸ್ಸಿಯೆಟ್ಸ್ಕಿಗೇ ಸಂದಿತು. 1938ರಲ್ಲಿ ಅವನು ತೀರಿಕೊಂಡನು.

1940ರ ಏಪ್ರಿಲ್ 9ರಂದು ಜರ್ಮನ್ ಸೇನೆಯು ನಾರ್ವೆಯನ್ನು ಆಕ್ರಮಿಸಿತು. ತರುಣರು ಬಂದೂಕು ಕೆಳಗಿಟ್ಟು ಮನೆಗೆ ಮರಳಬೇಕೆಂದು ಹಾಮ್ಸುನ್ ಕರೆಕೊಟ್ಟನು. ಮುಂದಿನ ಐದು ವರ್ಷಗಳ ದಾಖಲೆ ಏಕಮುಖವಾದುದಲ್ಲ. ಒಂದು ಕಡೆ ಜರ್ಮನಿಯನ್ನೂ ಕ್ವಿಸ್ಲಿಂಗನ ಪಕ್ಷವನ್ನೂ ಎತ್ತಿಹಿಡಿಯುವ ಲೇಖನಗಳು. ಇನ್ನೊಂದು ಕಡೆ, ಸೆರೆಯಾದ ಹಾಗೂ ಮರಣದಂಡನೆಗೆ ಗುರಿಯಾದ ನಾರ್ವೀಜಿಯನ್ನರ ಪ್ರಾಣಭಿಕ್ಷೆಗಾಗಿ ಜರ್ಮನ್ ಅಧಿಕಾರಿಗಳಿಗೆ ಕಳುಹಿಸಿದ ಅನೇಕ ತಂತಿಗಳು. ಬಂಧಿತನಾದ ಲೇಖಕ ರೊನಾಲ್ಡ್ ಫಾಂಗೆನ್ ಪರವಾಗಿ 1941ರ ಆರಂಭದಲ್ಲಿ ಅವನು ಜರ್ಮನ್ ಆಡಳಿತಾಧಿಕಾರಿ ಟೆರ್‌ಬೋವೆನ್ನನನ್ನು ಖುದ್ದಾಗಿ ಕಂಡನು. 1943ರಲ್ಲಿ ತನ್ನ ನೊಬೆಲ್ ಪದಕವನ್ನು ಗೋಬೆಲ್ಸ್‌ಗೆ ಕಾಣಿಕೆಯಾಗಿ ಕೊಟ್ಟನು. ಅದೇ ವರ್ಷದ ಜೂನ್‌ನಲ್ಲಿ ವಿಯೆನ್ನಾದ ಪತ್ರಕರ್ತರ ಸಮ್ಮೇಳನದಲ್ಲಿ ಇಂಗ್ಲೆಂಡಿನ ವಿರುದ್ಧ ಅವನ ಭಾಷಣವಾಯಿತು. ಜೂನ್ 26ರಂದು ಹಿಟ್ಲರನೊಡನೆ ಭೇಟಿ. ಎಂಬತ್ಮೂರರ ಕಿವುಡ ವೃದ್ಧನು ಅಲ್ಲಿ ಸಾಹಿತ್ಯದ ಮಾತಾಡಲಿಲ್ಲ. ಟೆರ್‌ಬೋವೆನ್ನನನ್ನು ಹಿಂದಕ್ಕೆ ಕರೆಸಬೇಕು, ಗಲ್ಲು ನಿಲ್ಲಬೇಕು ಎಂದು ಪಟ್ಟುಹಿಡಿದು, ಹಿಟ್ಲರನ ಮಾತನ್ನು ಮತ್ತೆ ಮತ್ತೆ ಕತ್ತರಿಸಿದನು. ಹಿಟ್ಲರನು ಸಿಟ್ಟಿನಿಂದ ಭೇಟಿಯನ್ನು ಮುಗಿಸಿದನು. ಜೊತೆಗಿದ್ದವರ ವರದಿಗಳ ಪ್ರಕಾರ ಹಾಮ್ಸುನ್ ಕಣ್ಣೀರಿಟ್ಟನು. ಇದಾದ ಮೇಲಾದರೂ ಅವನ ನಿಷ್ಠೆ ಸಡಿಲಬೇಕಿತ್ತು, ಸಡಿಲಲಿಲ್ಲ. 1945ರ ಮೇ 7ರಂದು, ಜರ್ಮನಿ ಶರಣಾಗುತ್ತಿದ್ದ ದಿನ, ಹಿಟ್ಲರನನ್ನು ಕೊಂಡಾಡುವ ಪುಟ್ಟ ಶ್ರದ್ಧಾಂಜಲಿಯು ಅವನ ಹೆಸರಿನಲ್ಲಿ ಆಫ್ತೆನ್‌ಪೋಸ್ಟೆನ್ ಪತ್ರಿಕೆಯಲ್ಲಿ ಪ್ರಕಟವಾಯಿತು. ಅದನ್ನು ಬರೆಯಲು ಅವನನ್ನು ಯಾರೂ ಒತ್ತಾಯಿಸಿರಲಿಲ್ಲ. ಅದರಿಂದ ಯಾವ ಲಾಭವೂ ಇರಲಿಲ್ಲ.

ಬಿಡುಗಡೆಯಾದ ದೇಶಕ್ಕೆ ಈಗ ಎದುರಾದ ಪ್ರಶ್ನೆ ಕಠಿಣವಾದುದು. ಕ್ವಿಸ್ಲಿಂಗನನ್ನು ಗುಂಡಿಟ್ಟು ಕೊಂದಾಯಿತು. ರಾಷ್ಟ್ರದ ಅತಿದೊಡ್ಡ ಜೀವಂತ ಲೇಖಕನನ್ನು ಏನು ಮಾಡುವುದು? ಹಾಮ್ಸುನ್‌ನನ್ನು ಮೊದಲು ಮನೆಯಲ್ಲಿಯೇ ಬಂಧನದಲ್ಲಿಟ್ಟು, ಆಮೇಲೆ ಗ್ರಿಮ್‌ಸ್ಟಾಡಿನ ಆಸ್ಪತ್ರೆಗೂ ಲಾಂಡ್‌ವಿಕ್ ವೃದ್ಧಾಶ್ರಮಕ್ಕೂ ಸಾಗಿಸಿ, 1945ರ ಅಕ್ಟೋಬರ್‌ನಲ್ಲಿ ಓಸ್ಲೋದ ವಿಂಡೆರೆನ್ ಮನೋರೋಗ ಚಿಕಿತ್ಸಾಲಯಕ್ಕೆ ಸೇರಿಸಲಾಯಿತು. ಪ್ರಾಧ್ಯಾಪಕ ಗಾಬ್ರಿಯೆಲ್ ಲಾಂಗ್‌ಫೆಲ್ಟ್ ಮತ್ತು ವೈದ್ಯ ಓರ್ನುಲ್ಫ್ ಓಡೆಗೋರ್ ಸುಮಾರು ನಾಲ್ಕು ತಿಂಗಳು ಪರೀಕ್ಷಿಸಿದರು. ಕಿವಿ ಕೇಳದವನಾದುದರಿಂದ ಪ್ರಶ್ನೋತ್ತರದ ಹೆಚ್ಚಿನ ಭಾಗ ಬರಹದಲ್ಲಿಯೇ ನಡೆಯಿತು. ಹುಚ್ಚನಲ್ಲ, ಆದರೆ ಮಾನಸಿಕ ಶಕ್ತಿಗಳು ಶಾಶ್ವತವಾಗಿ ಕುಂದಿವೆ ಎಂಬುದು ಅವರ ನಿರ್ಣಯ. ಅದರ ಬಲದಿಂದ 1946ರ ಫೆಬ್ರವರಿಯಲ್ಲಿ ಸರಕಾರವು ದೇಶದ್ರೋಹದ ಕ್ರಿಮಿನಲ್ ಮೊಕದ್ದಮೆಯನ್ನು ಕೈಬಿಟ್ಟಿತು. ಅದೇ ತಿಂಗಳು ಅಮೆರಿಕದಲ್ಲಿ ಎಜ್ರಾ ಪೌಂಡನನ್ನೂ ವಿಚಾರಣೆಗೆ ಅನರ್ಹನೆಂದು ಸಾರಿ, ಅದೇ ಬಗೆಯಲ್ಲಿ ಸಂಕಟದಿಂದ ಪಾರಾಗಲಾಯಿತು. ಇಬ್ಬರ ಪ್ರತಿಕ್ರಿಯೆ ಮಾತ್ರ ಬೇರೆ. ಪೌಂಡನು 1958ರವರೆಗೆ ಆ ಆಶ್ರಯದಲ್ಲಿ ಉಳಿದನು. ಹಾಮ್ಸುನ್ ಅದನ್ನು ಅವಮಾನವೆಂದು ಬಗೆದು, ತನ್ನನ್ನು ವಿಚಾರಣೆಗೆ ಗುರಿಪಡಿಸಬೇಕೆಂದು ಅಧಿಕಾರಿಗಳಿಗೆ ಬರೆದನು.

ಪರಿಹಾರದ ಸಿವಿಲ್ ದಾವೆಯು 1947ರ ಡಿಸೆಂಬರ್‌ನಲ್ಲಿ ಗ್ರಿಮ್‌ಸ್ಟಾಡಿನಲ್ಲಿ ನಡೆಯಿತು. ಅವನು ಕ್ವಿಸ್ಲಿಂಗನ ಪಕ್ಷದ ಸದಸ್ಯನಾಗಿದ್ದನೇ ಎಂಬುದು ಮುಖ್ಯ ಪ್ರಶ್ನೆ. ನ್ಯಾಯಾಧೀಶನು ಅದು ಸಿದ್ಧವಾಗಲಿಲ್ಲವೆಂದನು. ಇಬ್ಬರು ಸಾರ್ವಜನಿಕ ಸದಸ್ಯರು ಸಿದ್ಧವಾಯಿತೆಂದರು. ಬಹುಮತದ ತೀರ್ಪಿನಂತೆ 4,25,000 ಕ್ರೋನರ್ ದಂಡ ಬಿದ್ದಿತು. 1948ರ ಜೂನ್‌ನಲ್ಲಿ ಸರ್ವೋಚ್ಚ ನ್ಯಾಯಾಲಯವು ಅದನ್ನು 3,25,000ಕ್ಕೆ ಇಳಿಸಿತು. ನೋರ್‌ಹೋಮ್ ಉಳಿಯಿತು, ಸಂಪತ್ತು ಹೋಯಿತು. ಪತ್ನಿ ಮಾರಿಗೆ ಮೂರು ವರ್ಷಗಳ ಶಿಕ್ಷೆಯಾಗಿತ್ತು. ಆಕೆ ಲಾಂಗ್‌ಫೆಲ್ಟನ ಮುಂದೆ ತಮ್ಮ ದಾಂಪತ್ಯದ ಒಳಸಂಗತಿಗಳನ್ನು ಹೇಳಿದಳೆಂದು ಹಾಮ್ಸುನ್ 1950ರವರೆಗೆ ಅವಳ ಮುಖ ನೋಡಲಿಲ್ಲ.

ಈ ಬಂಧನದ ಅವಧಿಯಲ್ಲಿಯೇ ಹಾಮ್ಸುನ್ ತನ್ನ ಕೊನೆಯ ಕೃತಿಯನ್ನು ಬರೆದನು. 'ಹುಲ್ಲು ಬೆಳೆದ ಹಾದಿಗಳಲ್ಲಿ' ಎಂಬ ಆ ಪುಸ್ತಕವು 1949ರಲ್ಲಿ ಪ್ರಕಟವಾದಾಗ ಅವನಿಗೆ ತೊಂಬತ್ತು. ಪ್ರಕಾಶಕ ಹಾರಾಲ್ ಗ್ರೀಗ್ ಆಕ್ರಮಣಕಾಲದಲ್ಲಿ ಸೆರೆಮನೆ ಕಂಡವನು; ಆತನ ತಮ್ಮ, ಕವಿ ನೋರ್ಡಾಲ್ ಗ್ರೀಗ್, 1943ರಲ್ಲಿ ಬರ್ಲಿನ್ ಮೇಲಿನ ವಿಮಾನದಾಳಿಯಲ್ಲಿ ಮಡಿದಿದ್ದನು. ಅಂಥವನು ಇದನ್ನು ಪ್ರಕಟಿಸಿದನೆಂಬುದು ಸಣ್ಣ ಸಂಗತಿಯಲ್ಲ. ವೃದ್ಧಾಶ್ರಮದ ದಿನಚರಿ, ಸವೆದ ಬೂಟು, ಹಿಮದಲ್ಲಿ ಕಾಲೆಳೆಯುತ್ತ ಮಾಡಿದ ಸಂಚಾರ, ಅಮೆರಿಕದ ನೆನಪು, ಲಾಂಗ್‌ಫೆಲ್ಟನ ಮೇಲಿನ ಕಟಕಿ, ನ್ಯಾಯಾಲಯದ ಮುಂದಿನ ಹೇಳಿಕೆ ಇವೆಲ್ಲ ಹಗುರಾದ, ಹಾಸ್ಯಬೆರೆತ ಗದ್ಯದಲ್ಲಿ ಹೆಣೆದುಕೊಂಡಿವೆ. 'ಹಸಿವು' ಬರೆದ ಲೇಖನಿಯೇ ಇದು ಎಂಬುದನ್ನು ಓದುಗರು ಒಡನೆಯೇ ಗುರುತಿಸಿದರು. ಮಾನಸಿಕ ಶಕ್ತಿಗಳು ಕುಂದಿವೆಯೆಂಬ ವೈದ್ಯರ ಹೇಳಿಕೆಗೆ ಇದಕ್ಕಿಂತ ಸಮರ್ಥವಾದ ಉತ್ತರ ಅಸಾಧ್ಯ. ಆದರೆ ಈ ಉತ್ತರಕ್ಕೆ ತೆತ್ತ ಬೆಲೆಯನ್ನೂ ಎಣಿಸಬೇಕು. ಬುದ್ಧಿ ಕುಂದಿರಲಿಲ್ಲವಾದರೆ 1935ರ ನಿಂದೆ, 1943ರ ಪದಕ, 1945ರ ಶ್ರದ್ಧಾಂಜಲಿ ಇವೆಲ್ಲವೂ ಪೂರ್ಣಪ್ರಜ್ಞೆಯ ಕೃತ್ಯಗಳೇ ಆಗುತ್ತವೆ. ಈ ಪುಸ್ತಕವನ್ನು ಮೇರುಕೃತಿಯೆಂದು ಹೊಗಳುತ್ತಲೇ ಮುಪ್ಪಿನ ನೆಪವನ್ನೂ ಹೇಳುವ ವಿಮರ್ಶಕನು ಎರಡರಲ್ಲೊಂದನ್ನು ಬಿಡಬೇಕು.

ಪುಸ್ತಕದ ಮೌನವೂ ಮಾತಿನಷ್ಟೇ ಮುಖ್ಯ. ತಾನು ಕಿವುಡ, ಒಂಟಿ, ತಾನು ಬರೆಯುತ್ತಿದ್ದುದು ತಪ್ಪೆಂದು ಯಾರೂ ಹೇಳಲಿಲ್ಲ ಎಂಬುದು ಹಾಮ್ಸುನ್‌ನ ವಾದ. 1942–43ರಲ್ಲಿ ನಾರ್ವೆಯಿಂದ ಸಾಗಿಸಲ್ಪಟ್ಟ 770ಕ್ಕೂ ಹೆಚ್ಚು ಯಹೂದಿಗಳಲ್ಲಿ ಬದುಕಿ ಮರಳಿದವರು ನಲವತ್ತರೊಳಗೆ. ಅವರಿಗಾಗಿ ಪಶ್ಚಾತ್ತಾಪದ ಒಂದು ಮಾತೂ ಇಲ್ಲಿಲ್ಲ. ಪುಟ್ಟ ಸಸಿಯೊಂದರ ಬೆಳವಣಿಗೆಯನ್ನು ಗಮನಿಸಬಲ್ಲ ಕಣ್ಣು ಇದನ್ನು ಕಾಣಲಿಲ್ಲ.

1952ರ ಫೆಬ್ರವರಿ 19ರಂದು ಹಾಮ್ಸುನ್ ನೋರ್‌ಹೋಮ್‌ನಲ್ಲಿ ನಿಧನನಾದನು. ಆ ಬಳಿಕ ಅವನ ಬದುಕು ಜೀವನಚರಿತ್ರಕಾರರ ವಶವಾಯಿತು. ಮಗ ತೂರೆ ಮತ್ತು ಪತ್ನಿ ಮಾರಿ ಬರೆದ ಗ್ರಂಥಗಳು 1950ರ ದಶಕದಲ್ಲಿ ಬಂದವು. ಅವುಗಳಲ್ಲಿ ಮನೆಮಂದಿಯ ಮಮತೆಯೂ ಸಂಕೋಚವೂ ಸಹಜವಾಗಿಯೇ ಇವೆ. 1978ರಲ್ಲಿ ಡೆನ್ಮಾರ್ಕಿನ ಥೋರ್‌ಕಿಲ್ ಹಾನ್ಸೆನ್ ಮೊಕದ್ದಮೆಯನ್ನು ಕುರಿತು ಬರೆದ ಬೃಹದ್ಗ್ರಂಥವು ನಾರ್ವೆಯಲ್ಲಿ ಬಿರುಗಾಳಿಯನ್ನೇ ಎಬ್ಬಿಸಿತು. ವೃದ್ಧ ಲೇಖಕನಿಗೆ ಅನ್ಯಾಯವಾಯಿತೆಂಬ ಅದರ ಧೋರಣೆಯನ್ನು ಅನೇಕರು ಒಪ್ಪಲಿಲ್ಲ. ವೈದ್ಯರ ವರದಿಯೂ ಅದೇ ವರ್ಷ ಪುಸ್ತಕರೂಪದಲ್ಲಿ ಹೊರಬಂದಿತು. ಹಾನ್ಸೆನ್ ಕಥನದ ಆಧಾರದಿಂದ ಯಾನ್ ಟ್ರೋಲ್ 1996ರಲ್ಲಿ ಚಲನಚಿತ್ರವನ್ನು ನಿರ್ದೇಶಿಸಿದನು. ರಾಬರ್ಟ್ ಫರ್ಗುಸನ್ 1987ರಲ್ಲಿ ಹಾಮ್ಸುನ್‌ನನ್ನು ಬಿಡಿಸಲಾಗದ ಒಗಟಾಗಿ ಕಂಡನು. 2003–04ರಲ್ಲಿ ಇಂಗಾರ್ ಸ್ಲೆಟ್ಟೆನ್ ಕೊಲ್ಲೋಯೆನ್ ಎರಡು ಸಂಪುಟಗಳಲ್ಲಿ ನಾಜಿ ಸಂಬಂಧದ ವಿವರಗಳನ್ನು ಹೆಚ್ಚಿನ ನಿಷ್ಠುರತೆಯಿಂದ ಮುಂದಿಟ್ಟನು. ಒಗಟೆಂಬ ಮಾತು ಆಕರ್ಷಕವಾದರೂ ಅದರಿಂದ ಹೊಣೆಗಾರಿಕೆಯು ಮಸುಕಾಗುವ ಅಪಾಯವಿದೆ.

ಈ ಸಂದರ್ಭದಲ್ಲಿ ಲಿಯೋ ಲೋವೆಂತಾಲ್ ಬರೆದ 1937ರ ಪ್ರಬಂಧವನ್ನು ನೆನೆಯಬೇಕು. ನಾಜಿ ಜರ್ಮನಿಯಿಂದ ಹೊರಬಿದ್ದ ಫ್ರಾಂಕ್‌ಫರ್ಟ್ ಪಂಥದ ಈ ವಿದ್ವಾಂಸನು, ಯುದ್ಧಕ್ಕೆ ಮೊದಲೇ, ಕೇವಲ ಕಾದಂಬರಿಗಳನ್ನು ಓದಿ ಹಾಮ್ಸುನ್‌ನ ಒಲವನ್ನು ಗುರುತಿಸಿದನು. ಪ್ರಕೃತಿಯ ಮುಂದೆ ಶರಣಾಗುವ ಸುಖ, ನಗರದ ಬಗೆಗಿನ ಹೇವರಿಕೆ, ಬಲಶಾಲಿಯ ಆರಾಧನೆ ಇವುಗಳಲ್ಲಿ ಸರ್ವಾಧಿಕಾರದ ಮನೋಧರ್ಮವಿದೆಯೆಂದು ಅವನು ವಾದಿಸಿದನು. ಈ ವಾದವು 'ನೆಲದ ಬೆಳೆ'ಗೆ ಹೊಂದುವಷ್ಟು 'ಹಸಿವು'ಗೆ ಹೊಂದುವುದಿಲ್ಲ. ಅನ್ನವಿಲ್ಲದ ಆ ತರುಣನು ಯಾರಿಗೂ ಶರಣಾಗುವವನಲ್ಲ. ಲೋವೆಂತಾಲನಿಗೆ ಎದುರಾಗಿ ಐಸಾಕ್ ಬಾಷೆವಿಸ್ ಸಿಂಗರ್ ನಿಲ್ಲುತ್ತಾನೆ. ಪೋಲೆಂಡಿನ ಈ ಯಹೂದಿ ಲೇಖಕನು ತಾರುಣ್ಯದಲ್ಲಿ ಹಾಮ್ಸುನ್‌ನನ್ನು ಯಿಡ್ಡಿಷ್ ಭಾಷೆಗೆ ಅನುವಾದಿಸಿದ್ದನು. ತನ್ನ ಜನರ ಸರ್ವನಾಶವಾದ ಮೇಲೂ, 1967ರಲ್ಲಿ, 'ಹಸಿವು' ಕಾದಂಬರಿಯ ಇಂಗ್ಲಿಷ್ ಅನುವಾದಕ್ಕೆ ಮುನ್ನುಡಿ ಬರೆದು, ಇಪ್ಪತ್ತನೆಯ ಶತಮಾನದ ಕಥನಸಾಹಿತ್ಯವು ಹಾಮ್ಸುನ್‌ಗೆ ಪಟ್ಟಿರುವ ಋಣವನ್ನು ಒಪ್ಪಿಕೊಂಡನು. ಸಿಂಗರನಿಗೆ ಇತಿಹಾಸ ತಿಳಿದಿರಲಿಲ್ಲವೆನ್ನಲು ಯಾರಿಗೂ ಸಾಧ್ಯವಿಲ್ಲ.

ಕನ್ನಡದಲ್ಲಿ ನವ್ಯ ವಿಮರ್ಶೆಯ ಮೂಲಕ ಬೇರೂರಿದ ಕೃತಿನಿಷ್ಠ ಓದಿನ ಶಿಸ್ತಿಗೆ ಹಾಮ್ಸುನ್ ಕಠಿಣ ಪರೀಕ್ಷೆಯೊಡ್ಡುತ್ತಾನೆ. ಕೃತಿಕಾರನನ್ನು ಬದಿಗಿಟ್ಟು 'ಹಸಿವು' ಓದಬಹುದು, ಓದಬೇಕು ಕೂಡ. 'ಹುಲ್ಲು ಬೆಳೆದ ಹಾದಿಗಳಲ್ಲಿ' ಪುಸ್ತಕವನ್ನು ಹಾಗೆ ಓದಲಾಗದು. ಕೃತಿಕಾರನೇ ಅಲ್ಲಿ ಆರೋಪಿಯೂ ವಕೀಲನೂ ಆಗಿ ಎದುರಿಗೆ ನಿಂತಿರುತ್ತಾನೆ. ಹರಾಲ್ ನೆಸ್ 1994ರಿಂದ 2000ದವರೆಗೆ ಆರು ಸಂಪುಟಗಳಲ್ಲಿ ಸಂಪಾದಿಸಿ ಹೊರತಂದ ಹಾಮ್ಸುನ್ ಪತ್ರಗಳು ಬಂದ ಮೇಲಂತೂ ಈ ಬದುಕಿನಲ್ಲಿ ಮುರಿದ ಗೆರೆಯೊಂದನ್ನು ಹುಡುಕುವುದು ಇನ್ನಷ್ಟು ಕಷ್ಟವಾಗಿದೆ. 2009ರಲ್ಲಿ, ಅವನ ಜನನದ 150ನೆಯ ವರ್ಷದಲ್ಲಿ, ನಾರ್ವೆಯು ಅಧಿಕೃತ ಆಚರಣೆಯನ್ನು ಹಮ್ಮಿಕೊಂಡಾಗ ಮತ್ತೆ ಪ್ರತಿಭಟನೆಗಳು ಎದ್ದವು. ಹಾಮರೋಯ್‌ನಲ್ಲಿ, ಅವನು ಬಾಲ್ಯದಲ್ಲಿ ದನ ಕಾಯುತ್ತಿದ್ದ ನಾಡಿನಲ್ಲಿ, ವಾಸ್ತುಶಿಲ್ಪಿ ಸ್ಟೀವನ್ ಹಾಲ್ ರೂಪಿಸಿದ ಹಾಮ್ಸುನ್ ಕೇಂದ್ರದ ಕಟ್ಟಡವು ಅದೇ ವರ್ಷ ಎದ್ದುನಿಂತಿತು. ಕಪ್ಪು ಮರದ ಹೊದಿಕೆಯ, ತಲೆಯ ಮೇಲೆ ಒರಟು ಜೊಂಡು ಬೆಳೆದಂತೆ ತೋರುವ ಆ ಗೋಪುರವು ಲಂಬವಾಗಿಲ್ಲ. ನೋಡುವವರಿಗೆ ಎದ್ದುಕಾಣುವಂತೆ ಅಲ್ಲಲ್ಲಿ ವಾಲಿದೆ.